ತಕರಾರು

ಏಳನೇ ಕ್ಲಾಸಿನ ಸಂಧಿ ತಿದ್ದುತ್ತಿದ್ದಾಗ
ಪಶುಪತಿ ಮೇಷ್ಟ್ರ ಫೋನು:
"ಫಿಲಂ ಸೊಸೈಟಿಗೆ ಲೆಬನಾನಿನವರೊಬ್ಬರು ಬರ್ತಾರೆ,
ನಟಿ, ಈಗ ತಾವೇ ಸಿನಿಮಾ ಮಾಡ್ತಾರೆ,
ಅಡಿಬರಹ ಕನ್ನಡಕ್ಕೆ ಆಗಬೇಕು.
ನಿಮಗೆ ಅರಬ್ಬಿ ಗೊತ್ತಲ್ಲ, ಖುತೇಜಾ ಮೇಡಂ."

ಗೊತ್ತು ಎಂದರೆ ಏನು ಹೇಳಲಿ.
ಮಂಡಿ ಮೊಹಲ್ಲಾದ ಓಣಿಯಲ್ಲಿ ಐದು ವರ್ಷದವಳು
ಅಕ್ಷರಕ್ಕೆ ಬೆರಳಿಟ್ಟು ಓದಿದ್ದೆ, ಬಲದಿಂದ ಎಡಕ್ಕೆ.
ಮನೆಯ ಬಾಗಿಲು ಗೊತ್ತು, ಮನೆಯವರು ಗೊತ್ತಿಲ್ಲ.
ಹೂಂ ಅಂದೆ.

ಕಿವಿಗೆ ಅರಬ್ಬಿ, ಕಣ್ಣಿಗೆ ಅವರು ಕಳಿಸಿದ ಇಂಗ್ಲಿಷು ಪಟ್ಟಿ,
ಕೈಗೆ ಕನ್ನಡ.
ಹನ್ನೆರಡು ರಾತ್ರಿ, ಅಡುಗೆಮನೆಯ ಮೇಜು, ಸೊಳ್ಳೆಬತ್ತಿ,
ಸಾವಿರದ ನೂರ ನಾಲ್ಕು ಸಾಲು.

ಹೆಸರು ವಿದಾದ್ ಶಮ್ಮಾಸ್.
ಇರ್ವಿನ್ ರೋಡಿನ ಪ್ರೆಸ್ಸಿನವನು ಪೋಸ್ಟರಿನಲ್ಲಿ
ವಿವಾದ್ ಎಂದು ಅಚ್ಚು ಹಾಕಿದ.
ಅರ್ಥ ಹೇಳಿದಾಗ ಆಕೆ ಹೊಟ್ಟೆ ಹಿಡಿದು ನಕ್ಕು
ಒಂದು ಪ್ರತಿ ಸುತ್ತಿ ಚೀಲಕ್ಕೆ ಹಾಕಿಕೊಂಡಳು.

ಹತ್ತೊಂಬತ್ತಕ್ಕೆ ಸಾಬೂನಿನ ಜಾಹೀರಾತು
(ಸಾಬೂನ್ ಎಂದೇ ಅಂದಳು, ನಾನು ಬೆಚ್ಚಿದೆ).
ಆಮೇಲೆ ಧಾರಾವಾಹಿ, ರಂಜಾನಿಗೊಂದು:
ಆರು ಸಲ ಮದುಮಗಳು, ನಾಲ್ಕು ಸಲ ವಿಧವೆ,
ಒಂದು ಸಲ ಎರಡೂ, ಒಂದೇ ಕಂತಿನಲ್ಲಿ.
ಮೂವತ್ತೆಂಟಕ್ಕೆ, ತನಗಿಂತ ಎರಡೇ ವರ್ಷ ಕಿರಿಯನ ತಾಯಿ.
ಆ ಸಂಜೆ ಮೇಕಪ್ಪು ತೆಗೆಯದೆ ಮನೆಗೆ ನಡೆದಳಂತೆ
ನರೆಯ ಪೌಡರು ಭುಜಕ್ಕೆ ಉದುರುತ್ತ;
ದಿನಾ ನೋಡುವ ತರಕಾರಿಯವನು
ಎದ್ದು ಸ್ಟೂಲು ಕೊಟ್ಟನಂತೆ ಕೂರಲು.
ಆ ವಾರವೇ ಕಾರು ಮಾರಿದಳು.

ಕಾರಿನ ದುಡ್ಡಿಗೆ ಕ್ಯಾಮೆರಾ. ಸೋದರತ್ತೆಯ ಆರನೇ ಮಹಡಿ.
ಬೈರೂತಿನಲ್ಲಿ ಕರೆಂಟು ದಿನಕ್ಕೆರಡು ಗಂಟೆ,
ಉಳಿದದ್ದು ಜನರೇಟರಿನವನ ಮರ್ಜಿ.
ಅಷ್ಟರಲ್ಲೇ ಅಭಿನಯ, ಅಷ್ಟರಲ್ಲೇ ನಿರ್ದೇಶನ,
ಅಷ್ಟರಲ್ಲೇ ವಾಷಿಂಗ್ ಮೆಷೀನು.
ಕಥೆ ಇಷ್ಟೆ: ಊರು ಬಿಡುವವರೆಲ್ಲ ಬೀಗದ ಕೈ ಕೊಟ್ಟು ಹೋಗುತ್ತಾರೆ,
ಒಬ್ಬಳು ಗಿಡಗಳಿಗೆ ನೀರು ಹಾಕುತ್ತಾಳೆ, ಹನ್ನೊಂದು ಮನೆಗಳಲ್ಲಿ.
ಐದು ವರ್ಷ ಹಿಡಿಯಿತು.
ಗಿಡಗಳು ನಿಜಕ್ಕೂ ಬೆಳೆದವು.

ಏಳುನೂರನೇ ಸಾಲಿನ ಆಸುಪಾಸು ಸಿಕ್ಕಿಬಿದ್ದೆ.
ಚೊಂಬು ಹಿಡಿದು, ನಾಲ್ಕನೇ ಮನೆಯ ಬೀಗ ತೆಗೆಯುತ್ತ
ಅವಳು ಗೊಣಗುತ್ತಾಳೆ: ತಕ್ರಾರ್, ತಕ್ರಾರ್, ಜೀವನವೆಲ್ಲ ತಕ್ರಾರ್.
ಪಟ್ಟಿಯ ಪ್ರಕಾರ: ಮರುಕಳಿಕೆ.

ಅಬ್ಬಾ ಚಾಮರಾಜಪುರಂ ಕೋರ್ಟಿನಲ್ಲಿ ಗುಮಾಸ್ತರು,
ತಕರಾರು ಅರ್ಜಿಗಳಿಗೆ ದಾರ ಪೋಣಿಸಿ ನಂಬರು ಹಾಕುತ್ತಿದ್ದರು.
ನಮ್ಮಲ್ಲಿ ಅದು ಒಪ್ಪಲಾರೆ ಅನ್ನುವ ಮಾತು,
ಅಲ್ಲಿ ಅದೇ ಮತ್ತೆ ಮಾಡು ಅನ್ನುವ ಮಾತು.
ಯಾವ ಹಡಗಿನಲ್ಲಿ, ಯಾವ ದಫ್ತರಿನಲ್ಲಿ
ಆ ಪದ ಮಗ್ಗುಲು ಬದಲಿಸಿತೋ.
ನೂರು ಸಲ ಅದದೇ ಅತ್ತವಳು
ನೂರಾ ಒಂದಕ್ಕೆ ಕನ್ನಡದವಳಾದಳೋ.
ಮರುಕಳಿಕೆ ಹೊಡೆದು ಹಾಕಿದೆ.
ತಕರಾರು ಎಂದೇ ಬರೆದೆ. ಮಕ್ಕಳು ಬರೆದಿದ್ದರೆ ಅಂಕ ಕಳೆಯುತ್ತಿದ್ದೆ.

ಸರಸ್ವತಿಪುರಂ, ಈಜುಕೊಳದ ಹಿಂದೆ ಶಾಲೆಯ ಹಾಲು.
ಕಿಟಕಿಗಳಿಗೆ ದುಪ್ಪಟಿ. ಇಪ್ಪತ್ಮೂರು ಜನ,
ಅದರಲ್ಲಿ ಇಬ್ಬರು ಮೇಷ್ಟ್ರ ಅಳಿಯಂದಿರು.
ಆ ಸಾಲು ಬಂದಾಗ ಹಿಂದಿನ ಬೆಂಚಿನಲ್ಲಿ ಯಾರೋ ಹೆಂಗಸು
ಪಕ್ಕನೆ ನಕ್ಕಳು, ಸೆರಗು ಬಾಯಿಗಿಟ್ಟು.
ವಿದಾದ್ ನನ್ನ ಮೊಣಕೈ ಹಿಡಿದಳು:
ಇಲ್ಲಿ ಯಾರೂ ಯಾವತ್ತೂ ನಕ್ಕಿಲ್ಲ. ಏನು ಬರೆದಿರಿ?
ಕತ್ತಲಲ್ಲಿ ಪಿಸುಗುಟ್ಟಿ ವಿವರಿಸಿದೆ.
ಎರಡು ಮನೆಯ ಗಿಡಗಳಿಗೆ ನೀರು ಹಾಕಿ ಆಯಿತು ಪರದೆಯ ಮೇಲೆ,
ಇವಳು ಮಾತಾಡಲಿಲ್ಲ.
ಆಮೇಲೆ: "ಅದೇ ಇರಲಿ."

ಡಬ್ಬಿ ಎಣಿಸುತ್ತ ಪಶುಪತಿ ಮೇಷ್ಟ್ರು, "ವಸೂಲಿ ಸಾವಿರದ ಐವತ್ತು.
ಅಳಿಯಂದಿರದ್ದು ನಾನೇ ಕೊಡ್ತೀನಿ, ಬರೆದುಕೊಳ್ಳಿ."
ಆ ಪದಕ್ಕೆ ಅವಳು ತಿರುಗಿದಳು. ವುಸೂಲ್?
ನಮ್ಮ ವಿಮಾನ ನಿಲ್ದಾಣದ ಹಲಗೆಯ ಮೇಲಿದೆ,
ಬಂದು ತಲುಪಿದವರು ಹೊರಬರುವ ಬಾಗಿಲಲ್ಲಿ.

ಆಟೋ ಕಾಯುವಾಗ ಪೋಸ್ಟರು ಬಿಚ್ಚಿ ಪೆನ್ನು ಕೊಟ್ಟಳು,
ನಿಮ್ಮ ಲಿಪಿಯಲ್ಲಿ ಆ ಮಾತು ಬರೆದುಕೊಡಿ.
ಬರೆದೆ. ಅವಳು ಬೆರಳಿಟ್ಟಳು
ಬಲ ತುದಿಯ ರು ಮೇಲೆ, ನಿಧಾನ ಎಡಕ್ಕೆ ಸರಿಸುತ್ತ
ತ ಕ ರಾ ರು ಎಂದು ಓದಿದಳು.

ಇಪ್ಪತ್ತಾರು ವರ್ಷದ ಮೇಷ್ಟ್ರಗಿರಿ ನನ್ನದು.
ತಿದ್ದಲಿಲ್ಲ.